ತುಟಿಗೆ ತಿಳಿಯದ ವಿಷ

ಅಲಾಸ್ಕಾದ ಕೋಡಿಯಾಕ್ ದ್ವೀಪದ ಈ ಹಳ್ಳಿಯಲ್ಲಿ ಇನ್ನೂ ಬೆಳಕು ಹರಿದಿಲ್ಲ. ಇಳಿತಕ್ಕೆ ಸಮುದ್ರ ದೂರ ಸರಿದಿದೆ. ಮಾತ್ರೋನಾ ಪೆಸ್ಟ್ರಿಕಾಫ್ ರಬ್ಬರ್ ಬೂಟು ಹಾಕಿಕೊಂಡು, ಒದ್ದೆ ಮರಳಿನಲ್ಲಿ ಬಗ್ಗಿ ಕಪ್ಪೆಚಿಪ್ಪು ಅಗೆಯುತ್ತಿದ್ದಾರೆ. ಒಂದೊಂದು ಜಾಗದ್ದು ಒಂದೊಂದು ಚೀಲಕ್ಕೆ. ನಡುನಡುವೆ ತಲೆಯೆತ್ತಿ ದಡದ ಆ ತುದಿಯತ್ತ ನೋಡುತ್ತಾರೆ. ಅಲ್ಲಿ ಅವರ ಸೋದರಮಾವ ನಿಕಿಫೋರ್ ಆಗಲೇ ಒಂದು ಬಕೆಟ್ ತುಂಬಿಸಿದ್ದಾರೆ.

ಹತ್ತಿರ ಹೋಗಿ ಆ ಬಕೆಟ್ಟಿನಿಂದಲೂ ಒಂದು ಹಿಡಿ ಎತ್ತಿಕೊಂಡು ಹೇಳುತ್ತಾರೆ: "ಮಾವ, ವಿಷ ಇದೆಯಾ ಪರೀಕ್ಷೆ ಮಾಡಿ ಹೇಳ್ತೀನಿ, ಮಧ್ಯಾಹ್ನದವರೆಗೆ ಇದನ್ನ ಯಾರಿಗೂ ಕೊಡಬೇಡಿ."

"ತುಟಿಗಿಟ್ಟು ನೋಡಿದೀನಿ ಕಣೇ. ಜುಮ್ಮೂ ಇಲ್ಲ, ಗಿಮ್ಮೂ ಇಲ್ಲ. ಹೋದ ವರ್ಷವೂ ಹಿಂಗೇ ಹೆದರಿಸಿ ಬಾಯಿ ಕಟ್ಟಿಸಿದೆ. ಹಬ್ಬ ಮುಗಿದ ಮೇಲೆ ವಿಷವೇ ಇರಲಿಲ್ಲ ಅಂದೆ!"

ಮಾತ್ರೋನಾ ಆ ಹಿಡಿಯನ್ನು ಬೇರೆ ಚೀಲಕ್ಕೆ ಹಾಕಿಕೊಳ್ಳುತ್ತಾರೆ. ಮಾವನ ಮಾತು ಸುಳ್ಳಲ್ಲ. ಈಸ್ಟರ್‌ಗೆ ಮುಂಚಿನ ಈ ಉಪವಾಸದಲ್ಲಿ ಮಾಂಸ, ಮೀನು, ಹಾಲು, ಮೊಟ್ಟೆ ಯಾವುದೂ ಇಲ್ಲ. ಕಪ್ಪೆಚಿಪ್ಪಿಗೆ ಮಾತ್ರ ಅಡ್ಡಿಯಿಲ್ಲ. ಇಂದು ಸಂಜೆ ಚರ್ಚಿನ ಅಡುಗೆಮನೆಯಲ್ಲಿ ಇಡೀ ಹಳ್ಳಿಗೆ ಊಟ. ಈ ಸಲವೂ ಅವರ ಎಚ್ಚರಿಕೆ ಹುಸಿಯಾದರೆ ಮುಂದೆಂದೂ ಅವರ ಮಾತಿಗೆ ಯಾರೂ ಕಿವಿಗೊಡುವುದಿಲ್ಲ.

ಚಿಪ್ಪಿನ ಮಾಂಸವನ್ನು ತುಟಿಗೆ ತಾಗಿಸಿ, ಮರಗಟ್ಟುತ್ತದೆಯೇ ಎಂದು ಕಾಯುವುದು ಇಲ್ಲಿಯ ಸುಗ್ಪಿಯಾಕ್ ಜನರ ಹಳೆಯ ರೂಢಿ. ಮಾತ್ರೋನಾ ಅವರ ಅಜ್ಜಿಯೂ ಹಾಗೆ ನೋಡಿಯೇ ಇವರ ಅಕ್ಕ ಫಿಯೋಡೋಸಿಯಾಗೆ ಬಡಿಸಿದ್ದರು. ಸಂಜೆಯೊಳಗೆ ಅಕ್ಕನ ಉಸಿರು ನಿಂತಿತು. "ಅಜ್ಜಿ ತಪ್ಪೇನೂ ಮಾಡಲಿಲ್ಲ. ಅವರ ತುಟಿಗೆ ತಾಗಿದ್ದು ಒಂದು ಚಿಪ್ಪು, ಅಕ್ಕ ತಿಂದಿದ್ದು ಇನ್ನೊಂದು," ಎನ್ನುತ್ತಾರೆ ಮಾತ್ರೋನಾ.

ಆ ಒಂದು ಮಾತನ್ನು ಸಾಬೀತು ಮಾಡಲು ಅವರ ಅರ್ಧ ಆಯುಸ್ಸು ಹೋಗಿದೆ. ಹಳ್ಳಿಯಿಂದ ಕಡಲಜೀವಶಾಸ್ತ್ರ ಓದಲು ಹೋದ ಮೊದಲಿಗರು ಅವರು. ಕಣ್ಣಿಗೆ ಕಾಣದ ಪಾಚಿಯ ವಿಷ ಅಕ್ಕಪಕ್ಕದ ಎರಡು ಚಿಪ್ಪುಗಳಲ್ಲೂ ಒಂದೇ ಸಮ ಇರುವುದಿಲ್ಲವೆಂದು ಈ ದಡದಲ್ಲೇ ಅಗೆದು ತೋರಿಸಿದರು. ಮೊದಲೆಲ್ಲ ಮಾದರಿಗಳು ವಿಮಾನದಲ್ಲಿ ನಗರಕ್ಕೆ ಹೋಗಬೇಕಿತ್ತು. ಮಂಜು ಕವಿದರೆ ವಿಮಾನವೇ ಇಲ್ಲ; ಹೋದ ವರ್ಷದ ಫಲಿತಾಂಶ ಹಬ್ಬ ಮುಗಿದ ಮೇಲೆ ಬಂದದ್ದು ಅದಕ್ಕೇ. ಈ ಚಳಿಗಾಲದಲ್ಲಿ ಅವರು ದೋಣಿ ಇಡುವ ಶೆಡ್ಡನ್ನೇ ಪ್ರಯೋಗಾಲಯ ಮಾಡಿಕೊಂಡಿದ್ದಾರೆ.

ಶೆಡ್ಡಿನಲ್ಲಿ ಮಾಂಸ ಅರೆದು, ಕುದಿಸಿ, ಸೋಸಿ ಕಾಯುತ್ತಾರೆ. ಮೊದಲ ಚೀಲದಲ್ಲಿ ವಿಷವಿಲ್ಲ. ಎರಡನೆಯದರಲ್ಲೂ ಇಲ್ಲ. ಅಡುಗೆಯ ಹೊಣೆ ಹೊತ್ತ ಪರಸ್ಕೋವಿಯಾ ಕಿಟಕಿಯಲ್ಲಿ ಇಣುಕುತ್ತಾರೆ.

"ಏನಂತೆ ಅಕ್ಕಾ?"

"ಇಲ್ಲೀತನಕ ಏನೂ ಇಲ್ಲ. ಇನ್ನೂ ಒಂದು ಬಾಕಿ ಇದೆ, ತಡಿ."

ಪರಸ್ಕೋವಿಯಾಗೆ ಅಷ್ಟೇ ಸಾಕಾಗುತ್ತದೆ. ಉಳಿದ ಮಾತಿಗೆ ನಿಲ್ಲದೆ ಹೊರಟೇಬಿಡುತ್ತಾರೆ.

ಉಳಿದದ್ದು ಮಾವನ ಬಕೆಟ್ಟಿನದು. ಅದರ ಫಲಿತಾಂಶ ನೋಡಿದ ಮಾತ್ರೋನಾ ಕೋಟು ಕೂಡ ಹಾಕಿಕೊಳ್ಳದೆ ಚರ್ಚಿನತ್ತ ಓಡುತ್ತಾರೆ. ಅಲ್ಲಿ ಅದೇ ಬಕೆಟ್ಟಿನ ಚಿಪ್ಪು ಪಾತ್ರೆಯಲ್ಲಿ ಕೊತಕೊತ ಕುದಿಯುತ್ತಿದೆ. ಉಪ್ಪು ನೋಡಲು ನಿಕಿಫೋರ್ ಸೌಟು ಬಾಯಿಗೆತ್ತಿದ್ದಾರೆ.

"ಮಾವಾ, ಇಳಿಸಿ! ಕೆಳಗಿಡಿ ಅದನ್ನ!"

ತುಟಿಗೆ ತಾಗುವ ಮೊದಲೇ ಸೌಟು ನೆಲಕ್ಕೆ ಬೀಳುತ್ತದೆ. ಪರಸ್ಕೋವಿಯಾ ಮೆಲ್ಲಗೆ ಕೇಳುತ್ತಾರೆ, "ಇಷ್ಟು ಕುದಿಸಿದ ಮೇಲೂ ಹೋಗಲ್ವಾ ಅಕ್ಕಾ?"

"ಕುದಿಸಿದ್ರೆ ವಿಷ ಸಾರಿಗೆ ಇಳಿಯುತ್ತೆ ಅಷ್ಟೆ, ಹೋಗಲ್ಲ."

ಹೆಂಗಸರಿಬ್ಬರೂ ಸೇರಿ ಹೊರಗೆ ಗುಂಡಿ ತೋಡಿ ಪಾತ್ರೆಯಲ್ಲಿದ್ದುದನ್ನೆಲ್ಲ ಸುರಿಯುತ್ತಾರೆ, ನಾಯಿಗಳೂ ಮುಟ್ಟದಂತೆ ಮಣ್ಣು ಮುಚ್ಚುತ್ತಾರೆ. ಮಾತ್ರೋನಾ ಆಮೇಲೆ ಸಂಜೆಯವರೆಗೆ ಮಾವನ ಪಕ್ಕ ಬಿಟ್ಟು ಏಳುವುದಿಲ್ಲ. ಬೆಳಿಗ್ಗೆ ತುಟಿಗೆ ತಾಗಿಸಿಕೊಂಡವರಲ್ಲವೇ. ಬೆರಳು ಮಡಚಿಸುತ್ತಾರೆ, ನಡೆಸಿ ನೋಡುತ್ತಾರೆ.

"ನಾಲಿಗೆ ತೊದಲ್ತಿದೆಯಾ ಮಾವ?"

"ನಿನ್ನ ಬೈಯೋಕೆ ಚೆನ್ನಾಗೇ ತಿರುಗ್ತಿದೆ!"

ಸಂಜೆ ಊಟಕ್ಕೆ ಎಲೆಕೋಸು, ಆಲೂಗಡ್ಡೆ. ಸಾಲಾಗಿ ಕೂತವರ ಗೊಣಗಾಟ ಬಾಗಿಲ ಬಳಿ ನಿಂತ ಮಾತ್ರೋನಾಗೂ ಕೇಳಿಸುತ್ತಿದೆ. ಬೇಸರವಾಗುವುದಿಲ್ಲವೇ ಎಂದರೆ ಅವರು ಒಳಗಿನ ಮುಖಗಳನ್ನು ಒಂದೊಂದಾಗಿ ನೋಡುತ್ತಾರೆ.

"ಇವತ್ತು ಎಲ್ಲರೂ ನನ್ನ ಬೈಕೊಂಡೇ ಮಲಗ್ತಾರೆ. ನಾಳೆ ಬೆಳಿಗ್ಗೆ ಎದ್ದು ಮತ್ತೆ ಬೈಯಬೇಕು, ಒಬ್ಬರೂ ಬಿಡದ ಹಾಗೆ. ನಂಗೆ ಅಷ್ಟೇ ಬೇಕಾಗಿರೋದು."