ಅಡುಗೆ ಸಾಬರ ಇಟಲಿ ಶಾವಿಗೆ

ಕಳೆದ ತಿಂಗಳು ಶಿವಮೊಗ್ಗದ ಒಂದು ಛತ್ರಕ್ಕೆ ಮದುವೆ ಊಟಕ್ಕೆ ಹೋಗಿದ್ದೆ. ಈಗೆಲ್ಲ ಹೋಳಿಗೆ, ಚಿತ್ರಾನ್ನದ ಪಕ್ಕದಲ್ಲೇ ಪಾಸ್ತಾ ಕೌಂಟರ್ ಅಂತ ಒಂದು ಹಾಕುತ್ತಾರಲ್ಲ, ಅಲ್ಲಿ ಉದ್ದ ಟೋಪಿಯವನೊಬ್ಬ ಬಾಣಲೆ ಕುಲುಕುತ್ತಿದ್ದ. ಜನ ವಧೂವರರನ್ನು ಬಿಟ್ಟು ಅವನನ್ನೇ ನೋಡುತ್ತಿದ್ದರು. ಕೈ ತೊಳೆಯಲು ಅತ್ತ ಹೋದವಳು ಹಾಗೇ ನಿಂತೆ. ಬೆಳ್ಳುಳ್ಳಿ, ಬೆಂದ ಟೊಮೇಟೊ, ಅದರ ಮೇಲೆ ಹರಿದು ಹಾಕಿದ ಕಾಮಕಸ್ತೂರಿ... ಅರವತ್ತು ವರ್ಷಕ್ಕೂ ಹಿಂದೆ ಭದ್ರಾವತಿಯಲ್ಲಿ ನಮ್ಮ ಹಿತ್ತಲ ಗೋಡೆ ದಾಟಿ ಬಂದ ವಾಸನೆ. ಕುರ್ಚಿ ಕೇಳಿ ಕೂತುಬಿಟ್ಟೆ. ಸಕ್ಕರೆ ಕಡಿಮೆಯಾಗಿರಬೇಕೆಂದು ಯಾರೋ ಜಹಾಂಗೀರು ಹಿಡಿದುಕೊಂಡು ಓಡಿ ಬಂದರು.

ಮದುವೆಯಾಗಿ ಭದ್ರಾವತಿಗೆ ಬಂದಾಗ ನನಗೆ ಹತ್ತೊಂಬತ್ತು. ಐವತ್ತರ ದಶಕ ಮುಗಿಯುತ್ತಿದ್ದ ಕಾಲ. ನಮ್ಮ ಯಜಮಾನರು ಯಂತ್ರಗಳನ್ನು ತರಿಸಿಕೊಡುವ ಕಂಟ್ರಾಕ್ಟರರೊಬ್ಬರ ಆಫೀಸಿನಲ್ಲಿ ಟೈಪಿಸ್ಟು. ಕಂಟ್ರಾಕ್ಟರರ ಬಂಗಲೆಯ ಹಿಂದೆ ಕೆಲಸದವರಿಗಾಗಿ ನಾಲ್ಕು ಮನೆಗಳ ಸಾಲು. ಒಂದರಲ್ಲಿ ನಾನು, ಯಜಮಾನರು, ಅತ್ತೆ. ಪಕ್ಕದ್ದರಲ್ಲಿ ಬಂಗಲೆಯ ಅಡುಗೆಯವರು, ಅವರ ಹೆಂಡತಿ. ನಾವೆಲ್ಲ ಅವರನ್ನು ಕರೆಯುತ್ತಿದ್ದದ್ದು ಅಡುಗೆ ಸಾಬರು ಅಂತಲೇ.

ನಮ್ಮದು ಮಡಿ ಮೈಲಿಗೆಯ ಮನೆ. ಅತ್ತೆ ಈರುಳ್ಳಿಯನ್ನೇ ಹಿತ್ತಲಲ್ಲಿ ಕೂತು ಹೆಚ್ಚಬೇಕು ಎನ್ನುತ್ತಿದ್ದರು. ಟೊಮೇಟೊ ಕಂಡರಂತೂ ರಕ್ತ ಕಂಡವರ ಹಾಗೆ ಮುಖ ತಿರುಗಿಸುತ್ತಿದ್ದರು. ಅಂಥ ಮನೆಗೂ ಸಾಬರ ಮನೆಗೂ ನಡುವೆ ಒಂದೇ ಗೋಡೆ, ಅದೂ ಎದೆ ಎತ್ತರದ್ದು. ದಿನವೂ ಅಡುಗೆ ಹೊತ್ತಿಗೆ ಆ ಕಡೆಯಿಂದ ಒಂದೇ ಮಾತು ಕೇಳುತ್ತಿತ್ತು. ಸಾಬರು ಬಂಗಲೆಯಿಂದ ಬಟ್ಟಲಲ್ಲಿ ಏನೋ ತಂದು ಹೆಂಡತಿಗೆ ಕೊಟ್ಟು, "ನಮಕ್?" ಎನ್ನುವರು. ಆಕೆ, "ಕಮ್ ಹೈ," ಎನ್ನುವಳು. ಇಲ್ಲವೇ, "ಬಸ್." ಅಷ್ಟು ದೊಡ್ಡ ಅಡುಗೆಯವರು ಹೆಂಡತಿಯನ್ನು ಕೇಳದೆ ಉಪ್ಪು ಹಾಕಲಾರರಲ್ಲ ಎಂದು ನಾನು ಯಜಮಾನರ ಹತ್ತಿರ ನಗಾಡಿದ್ದೆ. "ಕಲಿತುಕೊಳ್ಳಿ," ಎಂದೂ ಹೇಳಿದ್ದೆ.

ಒಂದು ಚಳಿಗಾಲ ಬಂಗಲೆಗೆ ಇಟಲಿಯ ಇಂಜಿನಿಯರ್ ಒಬ್ಬ ಬಂದ. ಬಂದವನಿಗೆ ನಮ್ಮ ಊಟ ಒಗ್ಗಲಿಲ್ಲ. ನಾಲ್ಕು ದಿನ ಬ್ರೆಡ್ಡು, ಬಾಳೆಹಣ್ಣಿನಲ್ಲೇ ಕಳೆದ. ಅವನು ಸೊರಗಿದರೆ ಯಂತ್ರ ಕೂರಿಸುವವರು ಯಾರು ಎಂದು ಕಂಟ್ರಾಕ್ಟರರಿಗೆ ಚಿಂತೆ. ಆಗ ಸಾಬರು ಮುಂದೆ ಬಂದು, ಅವರ ದೇಶದ ಅಡುಗೆ ನನಗೆ ಬರುತ್ತದೆ ಎಂದರಂತೆ. ಯುದ್ಧದ ಕಾಲದಲ್ಲಿ ಬೆಂಗಳೂರಿನ ಹತ್ತಿರ ಇಟಲಿಯ ಸೆರೆಯಾಳುಗಳನ್ನು ಇಟ್ಟಿದ್ದರಲ್ಲ, ಆ ಕ್ಯಾಂಪಿನ ಅಡುಗೆಮನೆಯಲ್ಲಿ ಅವರು ಕೆಲಸಕ್ಕಿದ್ದರು. ಒಬ್ಬ ಸೆರೆಯಾಳು ಡೇರೆಯ ಮುಂದೆ ಹಳೇ ಡಬ್ಬದಲ್ಲಿ ಕಾಮಕಸ್ತೂರಿ ಬೆಳೆಸಿಕೊಂಡು, ಭಾನುವಾರ ಬಂದರೆ ಅದನ್ನು ಹಾಕಿ ಪಾಸ್ತಾ ಮಾಡಿ ತಿಂದು ಅಳುತ್ತಿದ್ದನಂತೆ.

ಕಾಮಕಸ್ತೂರಿ ನನ್ನ ಹಿತ್ತಲಲ್ಲಿತ್ತು. ಸೇವಂತಿಗೆ ಜೊತೆ ದಂಡೆ ಕಟ್ಟಿ ಮುಡಿಯಲು ಬೆಳೆಸಿದ್ದೆ. ಸಾಬರು ಗೋಡೆಯಾಚೆ ನಿಂತು ಎಲೆ ಕೇಳಿದರು. ತಲೆಗೆ ಮುಡಿಯುವುದನ್ನು ಬಾಣಲೆಗೆ ಹಾಕುತ್ತಾರೆಂದು ಕೇಳಿ ನಗು ಬಂತು. ಅವರ ಹಿತ್ತಲಲ್ಲಿ ಮಂಚದ ಮೇಲೆ ಒಗೆದ ಪಂಚೆ ಹಾಸಿ, ಮೈದಾ ಹಿಟ್ಟು ಲಟ್ಟಿಸಿ ಕುಯ್ದ ಪಟ್ಟಿಗಳನ್ನು ಒಣಹಾಕಿದ್ದರು.

"ಇದು ನಮ್ಮ ಶಾವಿಗೆಯ ಅಣ್ಣ ಇರಬೇಕು ಸಾಬ್ರೇ," ಎಂದೆ.

"ಅಣ್ಣನೇ ಬೇಟಿ. ಮಸಾಲೆ ಇಲ್ಲ, ಮೆಣಸಿನಕಾಯಿ ಇಲ್ಲ. ಟೊಮೇಟೊ ಹಣ್ಣನ್ನ ಬಿಸಿ ನೀರಿಗೆ ಹಾಕಿ ಸಿಪ್ಪೆ ತೆಗೀಬೇಕು, ಕೈಯಲ್ಲಿ ಹಿಚುಕಬೇಕು, ಬೆಳ್ಳುಳ್ಳಿ ಜೊತೆ ಎಣ್ಣೇಲಿ ಬೇಯಿಸಬೇಕು. ಎಲೆ ಮಾತ್ರ ಕೊನೇಗೆ. ಚಾಕು ಮುಟ್ಟಿಸಬಾರದು, ಕಪ್ಪಾಗುತ್ತೆ."

ಇಷ್ಟು ಹೇಳಿ ಎಲೆ ತೆಗೆದುಕೊಂಡವರು ಹೋಗಲಿಲ್ಲ. ಗೋಡೆಯ ಮೇಲಿನ ಪಾಚಿ ಕೆರೆಯುತ್ತ ನಿಂತರು. ಆಮೇಲೆ ತಗ್ಗಿದ ದನಿಯಲ್ಲಿ ಹೇಳಿದರು. ಹಿಂದಿನ ಮಳೆಗಾಲ ಬಂದ ಜ್ವರದಲ್ಲಿ ಅವರಿಗೆ ವಾಸನೆ, ರುಚಿ ಎರಡೂ ಹೋಗಿದ್ದವು. ಉಪ್ಪು ಇಟ್ಟರೂ ಒಂದೇ, ಮಣ್ಣು ಇಟ್ಟರೂ ಒಂದೇ. ಹೆಂಡತಿಯ ನಾಲಿಗೆಯಿಂದ ಕೆಲಸ ನಡೆಸುತ್ತಿದ್ದರು. ಈಗ ಆಕೆ ಮಗಳ ಬಾಣಂತನಕ್ಕೆಂದು ಹರಿಹರಕ್ಕೆ ಹೋಗಿದ್ದಳು. ದಿನದ ಸಾರು ಪಲ್ಯ ಕೈ ಅಂದಾಜಿನಲ್ಲಿ ಆಗಿಬಿಡುತ್ತದೆ, ಇದು ಹದಿನೈದು ವರ್ಷದ ಮೇಲೆ ಮಾಡುವುದು. ಬಂಗಲೆಯಲ್ಲಿ ಯಾರಿಗಾದರೂ ತಿಳಿದರೆ ಕೆಲಸ ಹೋಗುತ್ತದೆ, ಕೆಲಸದ ಜೊತೆ ಮನೆಯೂ.

"ಒಂದು ಚಮಚ ತಂದು ಕೊಡ್ತೀನಿ. ರುಚಿ ನೋಡಿ ಹೇಳ್ತೀರಾ ಬೇಟಿ?"

ಹೂಂ ಎಂದೆ. ಬಾಯಿಗೆ ಬಂದದ್ದು ಹೂಂ, ಅಷ್ಟೇ. ಹೆಂಡತಿಯನ್ನು ಕೇಳಿ ಉಪ್ಪು ಹಾಕುವವರೆಂದು ನಕ್ಕಿದ್ದೆನಲ್ಲ, ಆ ನಾಚಿಕೆಗೆ ಹೂಂ ಎಂದಿರಬೇಕು.

ಹನ್ನೊಂದೂವರೆ ಹೊತ್ತಿಗೆ ಪಿಂಗಾಣಿ ಬಟ್ಟಲಲ್ಲಿ ತಂದರು. ಕೆಂಪಗೆ, ಬಿಸಿಯಾಗಿ, ಘಮ್ಮೆನ್ನುತ್ತಿತ್ತು. ಪರಪುರುಷನೆದುರು ಹೆಣ್ಣುಮಗಳು ಹೇಗೆ ತಿಂದಾಳು ಎಂದು ಅವರಿಗೇ ಅನ್ನಿಸಿತೇನೋ. "ನೀವು ತಿನ್ನಿ, ನಾನು ಆ ಕಡೆ ತಿರುಗ್ತೀನಿ," ಎಂದು ಬೆನ್ನು ಹಾಕಿ ನಿಂತರು. ನಾನು ಚಮಚ ತುಟಿಯ ಹತ್ತಿರ ತಂದೆ. ಹತ್ತಿರ ತಂದೆ, ಅಷ್ಟೇ... ಬಟ್ಟಲನ್ನು ಬಾಳೆಯ ಬುಡಕ್ಕೆ ಬಗ್ಗಿಸಿ, ಕಾಲಿನಿಂದ ಮಣ್ಣು ಎಳೆದೆ.

ಅತ್ತೆಯ ಹೆದರಿಕೆಗೆ ಹಾಗೆ ಮಾಡಿದೆ ಎಂದು ಎಷ್ಟೋ ವರ್ಷ ನನಗೆ ನಾನೇ ಹೇಳಿಕೊಂಡಿದ್ದೇನೆ. ಸುಳ್ಳು. ಅತ್ತೆ ಆಗ ಮನೆಯಲ್ಲಿರಲಿಲ್ಲ, ಭಜನೆಗೆ ಹೋಗಿದ್ದರು. ನೋಡುವವರು ಯಾರೂ ಇರಲಿಲ್ಲ. ಸಾಬರ ಕೈಯ ಅಡುಗೆ ಬಾಯಿಗಿಡಲು ನನಗೇ ಆಗಲಿಲ್ಲ.

"ಉಪ್ಪು?" ಎಂದರು ಬೆನ್ನು ತಿರುಗಿಸಿಕೊಂಡೇ.

"ಹದವಾಗಿದೆ."

"ಹುಳಿ?"

"ಸರಿಯಾಗಿದೆ ಸಾಬ್ರೇ. ಬಹಳ ಚೆನ್ನಾಗಿದೆ."

ಅವರು ತಿರುಗಿದಾಗ ಮುಖ ನೋಡಬೇಕಿತ್ತು. ಮಗು ನಕ್ಕಂತೆ ನಕ್ಕರು. ಖಾಲಿ ಬಟ್ಟಲು ಇಸಿದುಕೊಂಡು ಬಂಗಲೆಯ ಕಡೆಗೆ ಓಡುನಡಿಗೆಯಲ್ಲೇ ಹೋದರು.

ಮಧ್ಯಾಹ್ನ ಮೂರರ ಹೊತ್ತಿಗೆ ಬಂಗಲೆಯಲ್ಲಿ ಗದ್ದಲ. ಇಂಜಿನಿಯರನಿಗೆ ಒಂದೇ ಸಮ ವಾಂತಿ. ಅವನ ಜೊತೆ ಊಟಕ್ಕೆ ಕೂತಿದ್ದ ಕಂಟ್ರಾಕ್ಟರರಿಗೂ ಅದೇ. ಮೊದಲ ತುತ್ತಿಗೆ ಇಟಲಿಯ ದೊರೆ ಮುಖ ಒಂಥರಾ ಮಾಡಿಕೊಂಡನಂತೆ, ಆಮೇಲೆ ಕಣ್ಣು ಮುಚ್ಚಿ ಪೂರ್ತಿ ತಿಂದನಂತೆ. ಎಷ್ಟು ದಿನದ ಆಸೆಯೋ, ಪಾಪ. ಡಾಕ್ಟರ ಕಾರು ಬಂತು. ಅದರ ಹಿಂದೆಯೇ ಸಾಬರು ನಮ್ಮ ಹಿತ್ತಲ ಗೋಡೆಗೆ ಓಡಿ ಬಂದರು.

"ಬೇಟಿ, ನಿಮಗೆ ಹೊಟ್ಟೆ ಹೇಗಿದೆ? ನೀವೂ ತಿಂದಿದೀರಲ್ಲ..."

ನೌಕರಿ ಹೋಗುವ ಹೊತ್ತಿನಲ್ಲಿ ಅವರು ಕೇಳಲು ಬಂದದ್ದು ಇದನ್ನು.

"ನನಗೇನೂ ಆಗಿಲ್ಲ," ಎಂದೆ. ತಿಂದೇ ಇರಲಿಲ್ಲ ಎಂಬುದನ್ನು ಮಾತ್ರ ಹೇಳಲಿಲ್ಲ. ಅವರು ಆಕಾಶ ನೋಡಿ ಉಸಿರು ಬಿಟ್ಟರು.

"ನಿಮಗೇನೂ ಆಗಿಲ್ಲ ಅಂದ್ರೆ ತಪ್ಪು ಅಡುಗೇದಲ್ಲ," ಎಂದು ಅದೇ ಧೈರ್ಯದಲ್ಲಿ ಬಂಗಲೆಗೆ ವಾಪಸು ಹೋದರು.

ಸಂಜೆಗೆ ಬಂಗಲೆಯಿಂದ ನಮ್ಮ ಮನೆಗೆ ಕರೆ ಬಂತು. ಕಂಟ್ರಾಕ್ಟರರು ಜಗಲಿಯಲ್ಲಿ ಒರಗು ಕುರ್ಚಿಯ ಮೇಲೆ ಮಜ್ಜಿಗೆ ಹಿಡಿದು ಕೂತಿದ್ದರು. ಯಜಮಾನರು, ಅತ್ತೆ, ನಾನು ಒಂದು ಕಡೆ. ಸಾಬರು ಮೆಟ್ಟಿಲ ಕೆಳಗೆ.

"ಈ ಮನುಷ್ಯ ಹೇಳ್ತಾನೆ, ನಮಗೆ ಬಡಿಸೋ ಮುಂಚೆ ನಿಮ್ಮ ಮನೆಯವರು ರುಚಿ ನೋಡಿದಾರೆ ಅಂತ. ಹೌದೇನಯ್ಯ?" ಎಂದು ಕಂಟ್ರಾಕ್ಟರರು ಯಜಮಾನರನ್ನು ಕೇಳಿದರು.

ಯಜಮಾನರ ಮುಖ ಬಿಳಿಚಿತು. ಅತ್ತೆ ನನ್ನ ರಟ್ಟೆ ಹಿಡಿದರು. "ಏನೇ? ಸಾಬರ ಅಡುಗೆ ತಿಂದ್ಯಾ?"

"ಇಲ್ಲ. ನಾನು ತಿಂದಿಲ್ಲ."

ಅವತ್ತು ನಾನು ಆಡಿದ ನಿಜ ಅದೊಂದೇ. ಬೆಳಿಗ್ಗೆ ಆಡಿದ್ದರೆ ಒಬ್ಬರ ಬದುಕು ಉಳಿಯುತ್ತಿತ್ತು.

ಸಾಬರು ತಲೆ ಎತ್ತಿ ನನ್ನನ್ನು ನೋಡಿದರು. ಸಿಟ್ಟಿರಲಿಲ್ಲ. ಬೆನ್ನು ತಿರುಗಿಸಿ ನಿಂತಾಗ ಏನಾಯಿತೆಂದು ಅವರಿಗೆ ತಿಳಿಯುತ್ತಿರುವುದನ್ನು ನಾನು ಕಣ್ಣಾರೆ ಕಂಡೆ. ಅತ್ತೆಯ ಕೈ ಇನ್ನೂ ನನ್ನ ರಟ್ಟೆಯ ಮೇಲೆಯೇ ಇತ್ತು. ಅದನ್ನೂ ಅವರು ನೋಡಿದರು.

"ಹೌದು ಸ್ವಾಮಿ, ಆಯಮ್ಮ ತಿಂದಿಲ್ಲ. ಕೆಲಸ ಉಳಿಸ್ಕೊಳ್ಳೋಕೆ ನಾನೇ ಸುಳ್ಳು ಹೇಳ್ದೆ. ನನಗೆ ವಾಸನೆ ತಿಳಿಯಲ್ಲ, ರುಚಿ ತಿಳಿಯಲ್ಲ. ಆರು ತಿಂಗಳಾಯ್ತು."

"ಮೂಗಿಲ್ಲದ ಅಡುಗೆಯವನನ್ನ ಇಟ್ಕೊಳ್ಳೋಕೆ ಇದೇನು ಧರ್ಮಛತ್ರವೇನಯ್ಯ?" ಎಂದರು ಕಂಟ್ರಾಕ್ಟರರು. ಅಷ್ಟಕ್ಕೇ ಮುಗಿಯಿತು.

ಮರುದಿನ ನಾನು ಏಳುವಷ್ಟರಲ್ಲಿ ಪಕ್ಕದ ಮನೆಗೆ ಬೀಗ ಬಿದ್ದಿತ್ತು. ಬಂಗಲೆಯ ಮುಸುರೆ ತಿಕ್ಕುವಾಕೆ ನಲ್ಲಿಯ ಹತ್ತಿರ ಸಿಕ್ಕವಳು, "ಸಾಬಣ್ಣ ನಿನ್ನೆ ಉಗ್ರಾಣದಿಂದ ದೊಡ್ಡ ಹಿತ್ತಾಳೆ ತಪ್ಪಲೆ ತೆಗೆದಿದ್ದ ಕಣಮ್ಮ. ತಳದಲ್ಲಿ ತವರದ ಕಲಾಯೀನೇ ಇರ್ಲಿಲ್ಲ. ಬೆಳಿಗ್ಗೆಯಿಂದ ಟೊಮೇಟೊ ಹುಳಿ ಅದ್ರಲ್ಲೇ ಕೂತಿತ್ತು, ತಿಕ್ಕೋವಾಗ ನೋಡ್ತೀನಿ, ತಳ ಹಸಿರು ಕಟ್ಟಿತ್ತು," ಎಂದಳು.

ಕಿಲುಬು! ಹಿತ್ತಾಳೆ ಪಾತ್ರೆಯಲ್ಲಿ ಸಾರು ಕುದಿಸುವ ನಮ್ಮ ಮನೆಗಳಲ್ಲಿ ಆರು ವರ್ಷದ ಕೂಸಿಗೂ ಕಿಲುಬಿನ ರುಚಿ ಗೊತ್ತು. ನಾಲಿಗೆಯ ತುದಿಗೆ ತಾಗಿದರೆ ಸಾಕು, ಥೂ ಎಂದು ಉಗಿಯುತ್ತದೆ. ನಾನೂ ಉಗಿಯುತ್ತಿದ್ದೆ. ಸಾಬರು ತಪ್ಪಲೆ ಚೆಲ್ಲಿ, ಬೇರೆ ಹಣ್ಣು ಹಿಚುಕಿ, ಬೇರೆ ಪಾತ್ರೆಯಲ್ಲಿ ಮಾಡುತ್ತಿದ್ದರು. ಹೊತ್ತು ಬೇಕಾದಷ್ಟಿತ್ತು.

ಹದಿನೈದು ದಿನದ ಮೇಲೆ ಅವರ ಹೆಂಡತಿ ಹರಿಹರದಿಂದ ಬಂದು ಬೀಗದ ಮುಂದೆ ನಿಂತಳು. ಸುದ್ದಿ ಮುಟ್ಟಿರಲಿಲ್ಲವೇನೋ. "ಏನಾಯ್ತಮ್ಮ?" ಎಂದು ನನ್ನನ್ನು ಕೇಳಿದಳು. ಗೊತ್ತಿಲ್ಲ ಎಂದೆ.

ಅರವತ್ತರ ದಶಕದ ನಡುವೆ ನಾವು ಶಿವಮೊಗ್ಗಕ್ಕೆ ಬಂದೆವು. ಒಂದು ದಿನ ಬಾಗಿಲಲ್ಲಿ, "ಹೊಟ್ಟು ಬೇಕಾ ಅಮ್ಮಾ," ಎಂಬ ಕೂಗು. ಆಗ ಮರದ ಹೊಟ್ಟಿನ ಒಲೆ ಎಲ್ಲರ ಮನೆಯಲ್ಲೂ ಇತ್ತು. ತಲೆಯ ಮೇಲಿನ ಮೂಟೆ ಇಳಿಸಿದವರು ಸಾಬರು. ಗಡ್ಡ ಪೂರಾ ಬೆಳ್ಳಗಾಗಿತ್ತು. ನನ್ನನ್ನು ಗುರುತು ಹಿಡಿದು, "ಅತ್ತೆಯವರು ಚೆನ್ನಾಗಿದಾರಾ?" ಎಂದು ಕೇಳಿದರು.

"ಅಡುಗೆ ಕೆಲಸ?" ಎಂದೆ. ಕೇಳಬಾರದಿತ್ತು.

"ಯಾರು ಕೊಡ್ತಾರೆ ಬೇಟಿ. ರುಚಿ ನೋಡೋಳೂ ಹೋದ್ಲು."

"ಸಾಬ್ರೇ, ಅವತ್ತು ನಾನು..."

"ಒಣಗಿದ ಹೊಟ್ಟು. ಚೆನ್ನಾಗಿ ಉರಿಯುತ್ತೆ," ಎಂದು ಮಾತು ತೇಲಿಸಿಬಿಟ್ಟರು. ಆಮೇಲೆ ಕುಡಿಯಲು ನೀರು ಕೇಳಿದರು. ಒಳಗೆ ಹೋಗಿ ಚೊಂಬು ತಂದೆ. ಅವರು ಬಗ್ಗಿ ಎರಡು ಕೈ ಜೋಡಿಸಿ ಬೊಗಸೆ ಒಡ್ಡಿದರು. ನಾನು ಮೇಲಿನಿಂದ, ತಾಗದ ಹಾಗೆ, ಸುರಿದೆ. ಲೋಟ ಅಡುಗೆಮನೆಯಲ್ಲೇ ಇತ್ತು. ಅದರ ನೆನಪಾದದ್ದು ಅವರು ಬೀದಿಯ ತಿರುವು ದಾಟಿದ ಮೇಲೆ. ಮತ್ತೆ ಅವರು ನಮ್ಮ ಬೀದಿಗೆ ಬರಲಿಲ್ಲ. ತೀರಿಕೊಂಡರೆಂದು ಮರುವರ್ಷ ಇನ್ನೊಬ್ಬ ಹೊಟ್ಟು ಮಾರುವವನು ಹೇಳಿದ.

ನನಗೀಗ ಎಂಬತ್ತು ದಾಟಿದೆ. ಎದುರುಮನೆಯವರು ರಂಜಾನಿಗೆ ಸುರಕುಂಬಾ ಎನ್ನುವ ಶಾವಿಗೆ ಪಾಯಸ ಕಳಿಸುತ್ತಾರೆ. ತಂದುಕೊಟ್ಟ ಹುಡುಗಿಯ ಕಣ್ಣೆದುರಿಗೇ ಚಮಚದಲ್ಲಿ ತೆಗೆದು ತಿನ್ನುತ್ತೇನೆ, ಬೇಡವಾದ ದಿನವೂ. ಸೊಸೆ ನೆಂಟರೆದುರು, "ನಮ್ಮ ಅತ್ತೆಗೆ ಮಡಿ ಮೈಲಿಗೆ ಏನೂ ಇಲ್ಲ, ಬಹಳ ದೊಡ್ಡ ಮನಸ್ಸು," ಎಂದು ನನ್ನನ್ನು ಹೊಗಳುತ್ತಾಳೆ. ಇಷ್ಟು ವರ್ಷದಲ್ಲಿ ಎಷ್ಟು ತಿಂದಿದ್ದೇನೋ, ಆ ಒಂದು ಚಮಚ ಮಾತ್ರ ತಿನ್ನದೆಯೇ ಉಳಿಯಿತು.