ಬರ್ಗರ್ ಮಾಡಿದ ತವಾ

ಮನೆಮನೆಗೆ ಹೋಗಿ ಬರ್ತ್‌ಡೇ ಪಾರ್ಟಿಗೆ ತಿಂಡಿ ಮಾಡಿಕೊಡೋದು ನನ್ನ ಕೆಲಸ. ಬಸವೇಶ್ವರನಗರದ ಒಂದು ಮನೆಯವರು ಪುಟಾಣಿ ಚೀಸ್ ಬರ್ಗರ್ ಬೇಕು ಅಂದಿದ್ದರು. ಪ್ಯಾಟಿ ಆಲೂಗಡ್ಡೆಯದು, ಆದರೆ ರುಚಿ ಅಂಗಡಿಯದರ ಥರಾನೇ ಇರಬೇಕು.

ಚಪ್ಪಲಿ ಬಿಡುವಾಗಲೇ ಮನೆಯಾಕೆ ಕೇಳಿದರು, "ನೀವು ಮೊಟ್ಟೆ ಗಿಟ್ಟೆ ತಿಂತೀರಾ?"

"ನಮ್ಮನೇಲಿ ತಿಂತೀವಿ ಮೇಡಂ. ಇಲ್ಲಿಗೇನೂ ತಂದಿಲ್ಲ."

"ಹಾಗಂತಲ್ಲ. ನಮ್ಮತ್ತೆ ಸ್ವಲ್ಪ ಹಳೇ ಕಾಲದವರು. ಹಿಂದ್ಗಡೆ ಯುಟಿಲಿಟೀಲಿ ಸ್ಟವ್ ಇಟ್ಕೊಡ್ತೀನಿ, ಆರಾಮಾಗಿ ಮಾಡಿ."

ವಾಷಿಂಗ್ ಮೆಷಿನ್ ಪಕ್ಕ ನೆಲದ ಮೇಲೆ ಕೂತು ಮಾಡಿದೆ. ಅವರೇ ಕೊಟ್ಟ ತವಾದಲ್ಲಿ ಈರುಳ್ಳಿ ಹರಡಿ, ಮೇಲೆ ಪ್ಯಾಟಿ, ಚೀಸ್, ಬನ್ ಇಟ್ಟು ಮುಚ್ಚಿದರೆ ಆ ಹಬೆಗೇ ಬನ್ ಮೆತ್ತಗಾಗುತ್ತೆ. ಅಂಗಡಿ ರುಚಿಯ ಗುಟ್ಟು ಅಷ್ಟೇ. ಮಕ್ಕಳು ಮುಗಿಬಿದ್ದವು. ಹಳೇ ಕಾಲದ ಅತ್ತೆ ಮೂರು ತಿಂದು, ನಾಲ್ಕನೆಯದಕ್ಕೆ ತಟ್ಟೆ ಹಿಡಿದು ನನ್ನ ಹತ್ತಿರವೇ ಬಂದರು. "ಕೈರುಚಿ ಚೆನ್ನಾಗಿದೆಯಮ್ಮ" ಅಂದರು. ಮನಸ್ಸು ಸ್ವಲ್ಪ ಹಗುರಾಯಿತು.

ಎಲ್ಲ ಮುಗಿದ ಮೇಲೆ ತವಾ ತಿಕ್ಕಿ ಒಳಗಿಡಲು ಹೊರಟೆ. ಮನೆಯಾಕೆ ಅಡುಗೆಮನೆ ಬಾಗಿಲಲ್ಲೇ ತಡೆದರು.

"ಅದು ನೀವೇ ಇಟ್ಕೊಳ್ಳಿ. ಹೊಸದೇ. ನಮಗಿನ್ನು ಬೇಡ."

"ಯಾಕೆ ಮೇಡಂ?"

"ಸುಮ್ನೆ, ನಮ್ಮ ಖುಷಿಗೆ."

ಹಾಲ್‌ನಲ್ಲಿ ಕೂತಿದ್ದ ಅತ್ತೆ ತುಟಿಯ ಚೀಸ್ ಒರೆಸಿಕೊಂಡು ಟಿವಿ ಕಡೆ ತಿರುಗಿದರು.

ಬೇಡ ಅಂದು ಅಲ್ಲೇ ಇಟ್ಟು ಬರಬೇಕಿತ್ತು. ಚೀಲಕ್ಕೆ ಹಾಕಿಕೊಂಡು ಬಂದೆ. ತವಾ ಒಳ್ಳೇ ಕಂಪನೀದು. ಆಮ್ಲೆಟ್ ಒಂಚೂರೂ ಅಂಟಲ್ಲ.