ಅಣ್ಣಾ, ಮಾವಶಿ ಮತ್ತು ಒಂದು ನಾಮಪತ್ರ

ಪ್ರಜಾಪ್ರಭುತ್ವದ ಬಗ್ಗೆ ತೆಗೆದ ಸಿನಿಮಾಕ್ಕೆ ನಾನೇ ಸೆನ್ಸಾರ್ ಆಗಿಬಿಟ್ಟೆ. ನಂಬುತ್ತೀರಾ?

ನಮ್ಮ ಕಡೆಯ ಧುರೀಣರೊಬ್ಬರ ಮೇಲೆ ಪುಣೆಯ ಹುಡುಗಿಯೊಬ್ಬಳು ಡಾಕ್ಯುಮೆಂಟರಿ ತೆಗೆಯುತ್ತಿದ್ದಳು. ಜನ ಅವರನ್ನು ಅಣ್ಣಾ ಎಂದೇ ಕರೆಯುತ್ತಿದ್ದರು. ಎಮರ್ಜೆನ್ಸಿಯಲ್ಲಿ ಜೈಲಿಗೆ ಹೋದವರು, ವೋಟಿನ ಹಕ್ಕಿಗಾಗಿ ಗಂಟಲು ಹರಿಯುವಂತೆ ಕೂಗಿದವರು. ಈಗ ತೀರಿಕೊಂಡು ವರ್ಷವಾಯಿತು. ಪೊಲೀಸರಿಗೆ ಸಿಗುವ ಮುಂಚೆ ಅವರು ಎಂಟು ದಿನ ಅಡಗಿದ್ದು ಖಂಡೇರಾಜುರಿ ಹಳ್ಳಿಯ ಆಚೆ, ನನ್ನ ಮಾವಶಿಯ, ಎಂದರೆ ಚಿಕ್ಕಮ್ಮನ, ತೋಟದಲ್ಲಿ. ಕ್ಯಾಮೆರಾ ಕಂಡರೆ ಮಾವಶಿಗೆ ಮರಾಠಿ ತೊಡರುತ್ತದೆ. ಹಾಗಾಗಿ ಮಿರಜಿನಿಂದ ದುಭಾಷಿಯಾಗಿ ನಾನು ಹೋದೆ. (ಎರಡೂ ಭಾಷೆ ಅರ್ಧಂಬರ್ಧ ಬರುವುದರ ಲಾಭ.)

"ಅಣ್ಣಾರ್ನ ಕಣಕಿ ಬಣವಿಯೊಳಗ ಮುಚ್ಚಿಟ್ಟಿದ್ನಿ. ಪೊಲೀಸ್ರು ಬಂದು ನೀರು ಕುಡದು ಹೋದ್ರು" ಎಂದರು ಮಾವಶಿ, ಜೋಳದ ದಂಟಿನ ಬಣವೆಯತ್ತ ಕೈ ತೋರಿಸುತ್ತ. ನಾನು ಮರಾಠಿಯಲ್ಲಿ ಹೇಳಿದೊಡನೆ ಹುಡುಗಿಯ ಕಣ್ಣು ಅರಳಿತು.

ಅಲ್ಲಿಗೇ ಮುಗಿಸಿದ್ದರೆ ಆಗಿತ್ತು. ಮಾವಶಿ ಮುಂದುವರಿಸಿದರು.

"ಮುಂದ ಊರ ಡೇರಿ ಇಲೆಕ್ಷನ್ನಿಗೆ ಅಣ್ಣಾರ ಪ್ಯಾನೆಲ್ ಎದುರು ನಾನೂ ಫಾರ್ಮ್ ತುಂಬಿದ್ನಿ. ಅಣ್ಣಾ ಮನೀಗೆ ಬಂದ್ರು. 'ಅಕ್ಕಾ, ನಿಮ್ಮ ಉಪ್ಪು ಉಂಡೇನಿ. ಊರಾಗ ಜಗಳ ಬ್ಯಾಡ, ಬಿನವಿರೋಧ ಮಾಡೂಣು' ಅಂತ ಕೈ ಮುಗದ್ರು. ವಾಪಸ್ ತಗೊಂಡ್ನಿ. ಊರಿಗೆಲ್ಲಾ ಪೇಢೆ ಹಂಚಿದ್ರು. ಇದನ್ನೂ ಹಾಕ್ರಿ. ಇಲ್ಲಂದ್ರ ನಾನೂ ನಿಂತಿದ್ನಿ ಅಂತ ಯಾರಿಗೆ ಗೊತ್ತಾಗಬೇಕು?"

ಬಿನವಿರೋಧ ಎಂದರೆ ಅವಿರೋಧ ಆಯ್ಕೆ. ಹೆಜ್ಜೆಗೊಂದು ಸಹಕಾರಿ ಸಂಘ ಇರುವ ನಮ್ಮ ಸೀಮೆಯಲ್ಲಿ ಅದು ದೊಡ್ಡ ಮರ್ಯಾದೆಯ ಮಾತು. ವೋಟೇ ಬೀಳದಿದ್ದರೆ ಅದು ಆದರ್ಶ ಊರು! ಇದು ವಿಚಿತ್ರ ಎಂದು ನಮಗ್ಯಾರಿಗೂ ಅನಿಸಿರಲಿಲ್ಲ. ಆವತ್ತಿನವರೆಗೆ ನನಗೂ ಅನಿಸಿರಲಿಲ್ಲ.

"ಕಾಯ್ ಮ್ಹಣಾಲ್ಯಾ?" ಹುಡುಗಿ ಕೇಳಿದಳು. ಏನಂದರು?

ಏನು ಹೇಳಲಿ? ವೋಟಿಗಾಗಿ ಜೈಲು ಕಂಡವರೇ ವೋಟು ತಪ್ಪಿಸಿದರು ಎನ್ನಲೇ? ಆದರೆ ಮಾವಶಿ ದೂರು ಹೇಳುತ್ತಿರಲಿಲ್ಲವಲ್ಲ, ಮುಖದ ತುಂಬ ಅಭಿಮಾನವಿತ್ತು. ಅಣ್ಣಾ ಎಂದರೆ ನನಗೂ ಪ್ರೀತಿ. ತಲೆ ಕೆಟ್ಟು ಬಾಯಿಗೆ ಬಂದದ್ದು ಹೇಳಿದೆ: "ಅಣ್ಣಾ ಊರಲ್ಲಿ ಒಗ್ಗಟ್ಟು ತಂದರಂತೆ."

ಸುಳ್ಳೇ? ಅಲ್ಲ. ನಿಜವೇ? ಈಗಲೂ ಗೊತ್ತಿಲ್ಲ.

ಮೊನ್ನೆ ಭಾನುವಾರ ಸಾಂಗಲಿಯಲ್ಲಿ ಪ್ರದರ್ಶನ. ಇಳಕಲ್ ಸೀರೆ ಉಟ್ಟ ಮಾವಶಿ ಮೊದಲ ಸಾಲಿನಲ್ಲಿ. ಪರದೆಯ ಮೇಲೆ ಅಣ್ಣಾ ಜೈಲಿನಿಂದ ಹೊರಬಂದರು, ಕೊರಳಿಗೆ ಹಾರ ಬಿತ್ತು. ಮಾವಶಿ ಬಣವೆ ತೋರಿಸಿದರು, ಜನ ಚಪ್ಪಾಳೆ ತಟ್ಟಿದರು. ಡೇರಿಯ ಸುದ್ದಿ ಬರಲೇ ಇಲ್ಲ. ಲೈಟು ಹತ್ತಿದ ಮೇಲೂ ಮಾವಶಿ ಕುರ್ಚಿ ಬಿಟ್ಟು ಏಳಲಿಲ್ಲ.

"ನನ್ನ ಫಾರ್ಮಿನ ಸುದ್ದಿ ಎಲ್ಲಿ?" ಎಂದರು.

"ನಾನ ಹೇಳ್ಲಿಲ್ರಿ, ಮಾವಶಿ. ಅಣ್ಣಾರ ಹೆಸರಿಗೆ ಎಲ್ಲಿ ಕುಂದು ಬರ್ತದೋ ಅಂತ..."

ಅವರು ಸಿಟ್ಟಾಗಲಿಲ್ಲ. (ಆಗಿದ್ದರೆ ನನಗೆ ಹಗುರಾಗುತ್ತಿತ್ತು.) ಸೆರಗು ಸರಿಮಾಡಿಕೊಂಡು ಮೆಲ್ಲಗೆ ಎದ್ದರು.

"ಅಣ್ಣಾ ಕೈ ಮುಗದು ಕೇಳಿದ್ರು. ನೀ ಅಷ್ಟೂ ಮಾಡ್ಲಿಲ್ಲಲ್ಲೋ?"